ಹತ್ತು ಸಾವಿರದ ಜಾಮೀನು

1978. ಮಧ್ಯಪ್ರದೇಶದ ಬಡ ಗಾರೆ ಕೆಲಸಗಾರನಿಗೆ ಸುಪ್ರೀಂ ಕೋರ್ಟ್ ಜಾಮೀನು ಕೊಟ್ಟರೂ ಜೈಲಿನ ಬಾಗಿಲು ತೆರೆಯಲಿಲ್ಲ. ಮ್ಯಾಜಿಸ್ಟ್ರೇಟರು 10,000 ರೂಪಾಯಿಯ ಶ್ಯೂರಿಟಿ ಕೇಳಿದ್ದರು. ಒಡಹುಟ್ಟಿದವನು ಮುಂದೆ ಬಂದರೆ, ಆಸ್ತಿ ಬೇರೆ ಜಿಲ್ಲೆಯಲ್ಲಿದೆ ಎಂದು ಒಪ್ಪಲಿಲ್ಲ.

ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಇದನ್ನು ಸಹಿಸಲಿಲ್ಲ. ಬಸ್ತರಿನಲ್ಲೋ ಚಾಂದನಿ ಚೌಕದಲ್ಲೋ ಸಿಕ್ಕಿಬಿದ್ದ ಕನ್ನಡಿಗನೊಬ್ಬ ಅಲ್ಲಿ ಆಸ್ತಿಯಿರುವ ಜಾಮೀನುದಾರನನ್ನು ಎಲ್ಲಿಂದ ತರಬೇಕು ಎಂದು ತೀರ್ಪಿನಲ್ಲೇ ಕೇಳಿದರು. 1,000 ರೂಪಾಯಿಯ ಸ್ವಂತ ಮುಚ್ಚಳಿಕೆಯ ಮೇಲೆ ಬಿಡುಗಡೆಗೆ ಆದೇಶವಾಯಿತು.

ಷರತ್ತುಗಳು ಮಾತ್ರ ವೇಷ ಬದಲಿಸುತ್ತಲೇ ಬಂದವು. 2020ರಲ್ಲಿ ಅದೇ ರಾಜ್ಯದ ಹೈಕೋರ್ಟ್, ಲೈಂಗಿಕ ಕಿರುಕುಳದ ಆರೋಪಿಗೆ ದೂರುದಾರೆಯಿಂದ ರಾಖಿ ಕಟ್ಟಿಸಿಕೊಳ್ಳಲು ಹೇಳಿತು. ನೊಂದವಳಿಗೆ ಇದಕ್ಕಿಂತ ಅವಮಾನ ಬೇಕೆ? ಮರುವರ್ಷ ಸುಪ್ರೀಂ ಕೋರ್ಟ್ ಅದನ್ನು ರದ್ದುಪಡಿಸಿತು. ಆರೋಪಿ ತಾನಿರುವ ಜಾಗವನ್ನು ಗೂಗಲ್ ಮ್ಯಾಪ್‌ನಲ್ಲಿ ತನಿಖಾಧಿಕಾರಿಗೆ ಸದಾ ತೋರಿಸಬೇಕೆಂಬ ಷರತ್ತನ್ನೂ ಅದೇ ಕೋರ್ಟ್ 2024ರಲ್ಲಿ ತೆಗೆದುಹಾಕಿತು.