ಯಾರೂ ಇಳಿಯಬಾರದ ಹಿಮಚಂದ್ರ

ಗುರು ಗ್ರಹಕ್ಕೆ ಯೂರೋಪಾ ಎಂಬ ಚಂದ್ರನಿದೆ. 1610ರ ಜನವರಿಯಲ್ಲಿ ಗೆಲಿಲಿಯೋ ದೂರದರ್ಶಕದಲ್ಲಿ ಕಂಡ ನಾಲ್ಕು ಚಂದ್ರರಲ್ಲಿ ಇದೂ ಒಂದು. 1979ರಲ್ಲಿ ವಾಯೇಜರ್ ನೌಕೆಗಳು ಕಳಿಸಿದ ಚಿತ್ರಗಳಲ್ಲಿ ಕಂಡದ್ದು ಬಿರುಕುಬಿಟ್ಟ ಮಂಜುಗಡ್ಡೆಯ ಗೋಳ. ಅಡಿಯಲ್ಲಿ ನೀರಿರಬಹುದೇ ಎಂಬ ಪ್ರಶ್ನೆಗೆ ಬಲ ಬಂತು.

ಶ್ರೀಲಂಕಾದಲ್ಲಿ ನೆಲೆಸಿದ್ದ ಲೇಖಕ ಆರ್ಥರ್ ಸಿ. ಕ್ಲಾರ್ಕ್ 1982ರ ‘2010: ಒಡಿಸ್ಸಿ ಟು’ ಕಾದಂಬರಿಯಲ್ಲಿ ತಮ್ಮದೇ ಯೂರೋಪಾವನ್ನು ಕಟ್ಟಿದರು. ಅಲ್ಲಿ ಮಂಜಿನಡಿಯ ಕಡಲಲ್ಲಿ ಜೀವಿಗಳಿವೆ. ಅವು ತಮ್ಮ ಪಾಡಿಗೆ ಬೆಳೆಯಲೆಂದು, ಮನುಷ್ಯರು ಇಳಿಯಕೂಡದೆಂದು ಅನ್ಯಲೋಕದ ಶಕ್ತಿಯೊಂದು ಅಪ್ಪಣೆ ಮಾಡುತ್ತದೆ.

ಬರೀ ಕಥೆ ಎಂದು ನಗಬೇಡಿ. 1995ರಿಂದ ಗುರುವನ್ನು ಸುತ್ತಿದ ಗೆಲಿಲಿಯೋ ಹೆಸರಿನ ನೌಕೆ, ಯೂರೋಪಾದ ಒಳಗೆ ಉಪ್ಪುನೀರಿನ ಕಡಲಿರುವ ಸುಳಿವು ಕೊಟ್ಟಿತು. ಅದರ ಇಂಧನ ಮುಗಿಯುತ್ತ ಬಂದಾಗ ಹೊಸ ಚಿಂತೆ ಶುರುವಾಯಿತು. ಹಿಡಿತ ತಪ್ಪಿದ ನೌಕೆ ಯೂರೋಪಾಕ್ಕೆ ಬಡಿದು, ಭೂಮಿಯಿಂದ ಅಂಟಿಕೊಂಡು ಹೋದ ಸೂಕ್ಷ್ಮಜೀವಿಗಳು ಅಲ್ಲಿ ಸೇರಿಬಿಟ್ಟರೆ? ಮುಂದೆಂದಾದರೂ ಅಲ್ಲಿ ಜೀವ ಸಿಕ್ಕರೂ ಅದು ಅಲ್ಲಿಯದೋ ನಮ್ಮದೋ ಹೇಳುವುದು ಕಷ್ಟ. ಅದಕ್ಕೇ 2003ರ ಸೆಪ್ಟೆಂಬರ್ 21ರಂದು ನಾಸಾ ಆ ನೌಕೆಯನ್ನು ಗುರುವಿನ ವಾತಾವರಣಕ್ಕೇ ಧುಮುಕಿಸಿ ನಾಶಮಾಡಿತು.

2024ರ ಅಕ್ಟೋಬರಿನಲ್ಲಿ ಹೊರಟ ಯೂರೋಪಾ ಕ್ಲಿಪರ್ 2030ರಲ್ಲಿ ಗುರುವನ್ನು ತಲುಪಬೇಕು. ಅದೂ ಇಳಿಯುವುದಿಲ್ಲ. ಸುಮಾರು 50 ಸಲ ಹತ್ತಿರ ಹಾದುಹೋಗುತ್ತಾ ನೋಡುವುದಷ್ಟೇ ಅದರ ಕೆಲಸ. ಒಳಗೆ ಯಾರಿದ್ದಾರೋ ತಿಳಿಯದ ಮನೆಗೆ ನಾವೂ ಹೊಸಿಲಾಚೆ ನಿಂತೇ ಕೂಗುತ್ತೇವೆ, ಅಲ್ಲವೇ?