ಗಣಿತಯೋಗಿ ರಾಮಾನುಜನ್ ಮತ್ತು ವಿದ್ಯಾದಾಸೋಹ

ಪ್ರತಿಭೆಯು ಕುಲವನ್ನಾಗಲಿ ಸಿರಿಯನ್ನಾಗಲಿ ನೋಡಿ ಮೂಡುವುದಿಲ್ಲ. ಆದರೆ ಮೂಡಿದ ಪ್ರತಿಭೆ ಫಲ ಕೊಡಬೇಕಾದರೆ ಅನ್ನ, ವಸತಿ, ಪುಸ್ತಕಗಳ ಆಸರೆ ಬೇಕು. ಶ್ರೀನಿವಾಸ ರಾಮಾನುಜನ್ನರ ಬಾಳು ಈ ಎರಡು ಮಾತುಗಳಿಗೂ ನಿದರ್ಶನವಾಗಿದೆ.

1887ರ ಡಿಸೆಂಬರ್ 22ರಂದು ಈರೋಡಿನಲ್ಲಿ ಜನಿಸಿದ ಅವರು ಬೆಳೆದದ್ದು ಕುಂಭಕೋಣದಲ್ಲಿ. ತಂದೆ ಜವಳಿ ಅಂಗಡಿಯ ಗುಮಾಸ್ತರು. ತಾಯಿ ನಾಮಗಿರಿ ದೇವಿಯ ಭಕ್ತೆ. 1903ರಲ್ಲಿ ಕಾರ್ ಎಂಬ ಆಂಗ್ಲ ಶಿಕ್ಷಕನ ಗಣಿತಸಂಗ್ರಹವೊಂದು ಅವರ ಕೈಸೇರಿತು. ಸುಮಾರು 5,000 ಸೂತ್ರಗಳ ಆ ಗ್ರಂಥವೇ ಬಾಲಕನಿಗೆ ಗುರುವಾಯಿತು. ಕಾಗದ ದುಬಾರಿಯಾದುದರಿಂದ ಸ್ಲೇಟಿನ ಮೇಲೆ ಲೆಕ್ಕ ಮಾಡಿ, ಮೊಣಕೈಯಿಂದ ಒರಸಿ, ಫಲಿತವನ್ನಷ್ಟೇ ಪುಸ್ತಕದಲ್ಲಿ ಬರೆದಿಡುತ್ತಿದ್ದರು.

1904ರಲ್ಲಿ ಕುಂಭಕೋಣದ ಸರ್ಕಾರಿ ಕಾಲೇಜು ಸೇರಿದರು. ಗಣಿತದಲ್ಲಿಯೇ ಮುಳುಗಿದ್ದರಿಂದ ಇತರ ವಿಷಯಗಳಲ್ಲಿ ಸೋತು ವಿದ್ಯಾರ್ಥಿವೇತನವನ್ನು ಕಳೆದುಕೊಂಡರು. ಮುಂದೆ ಮದರಾಸಿನ ಪಚ್ಚಯ್ಯಪ್ಪ ಕಾಲೇಜಿನಿಂದ ಕುಳಿತ ಎಫ್.ಎ. ಪರೀಕ್ಷೆಯೂ ಕೈಗೂಡಲಿಲ್ಲ. 1910ರಲ್ಲಿ ನೆಲ್ಲೂರಿನ ಕಲೆಕ್ಟರ್ ರಾಮಚಂದ್ರರಾಯರನ್ನು ಕಂಡಾಗ ಅವರು ಕೇಳಿದ್ದು ಸಂಶೋಧನೆ ಮುಂದುವರಿಸಲು ಬೇಕಾದ ಹೊಟ್ಟೆಪಾಡನ್ನು ಮಾತ್ರ. ರಾಯರು ತಿಂಗಳಿಗೆ 25 ರೂಪಾಯಿ ಕೊಟ್ಟು ಸಲಹಿದರು. ಆದರೆ ಪರರಿಗೆ ಬಹುಕಾಲ ಹೊರೆಯಾಗಿರಲು ರಾಮಾನುಜನ್ ಒಪ್ಪಲಿಲ್ಲ. 1912ರಲ್ಲಿ ಮದರಾಸು ಬಂದರಿನ ಕಚೇರಿಯಲ್ಲಿ 30 ರೂಪಾಯಿ ಸಂಬಳದ ಗುಮಾಸ್ತೆಯ ಕಾಯಕ ಹಿಡಿದರು.

1913ರ ಜನವರಿ 16ರಂದು ಅವರು ಕೇಂಬ್ರಿಡ್ಜಿನ ಹಾರ್ಡಿಯವರಿಗೆ ಪತ್ರ ಬರೆದರು. ಅದರಲ್ಲಿದ್ದ ಸೂತ್ರಗಳನ್ನು ಕಂಡು ಹಾರ್ಡಿ ಬೆರಗಾದರು. ಅದೇ ವರ್ಷ ಮದರಾಸು ವಿಶ್ವವಿದ್ಯಾನಿಲಯವು ಪದವಿಯಿಲ್ಲದ ಈ ತರುಣನಿಗೆ 75 ರೂಪಾಯಿಗಳ ಸಂಶೋಧನ ವೇತನ ನೀಡಿತು. 1914ರಲ್ಲಿ ಅವರು ಇಂಗ್ಲೆಂಡಿಗೆ ತೆರಳಿದರು.

ಅಲ್ಲಿ ಇಬ್ಬರೂ ಕೂಡಿ ಸಾಧಿಸಿದ್ದರಲ್ಲಿ ಸಂಖ್ಯಾವಿಭಜನೆಯ ಸೂತ್ರ ಪ್ರಸಿದ್ಧವಾದುದು. 4ನ್ನು 4, 3+1, 2+2, 2+1+1, 1+1+1+1 ಎಂದು 5 ಬಗೆಯಲ್ಲಿ ಬರೆಯಬಹುದು. 100ಕ್ಕಾದರೋ ಇಂತಹ ಬಗೆಗಳು 19,05,69,292! ಎಣಿಸಲಾಗದ ಇದನ್ನು ಸೂತ್ರದಿಂದ ಹಿಡಿಯುವ ದಾರಿಯನ್ನು ಅವರು ತೋರಿದರು. 1918ರಲ್ಲಿ ರಾಯಲ್ ಸೊಸೈಟಿಯ ಸದಸ್ಯತ್ವವೂ ಟ್ರಿನಿಟಿ ಕಾಲೇಜಿನ ಫೆಲೋ ಪದವಿಯೂ ದೊರೆತವು. ಅಷ್ಟರಲ್ಲಿ ದೇಹ ಜರ್ಜರಿತವಾಗಿತ್ತು.

ವಿಶ್ವವಿದ್ಯಾನಿಲಯವು ವರ್ಷಕ್ಕೆ 250 ಪೌಂಡು ಕೊಡಲು ನಿಶ್ಚಯಿಸಿದಾಗ, 1919ರ ಜನವರಿ 11ರಂದು ರೋಗಶಯ್ಯೆಯಿಂದಲೇ ಅವರು ಉತ್ತರಿಸಿದರು: ತಂದೆತಾಯಿಗಳಿಗೆ 50 ಪೌಂಡು ಸಲ್ಲಲಿ, ತನ್ನ ಅಗತ್ಯ ವೆಚ್ಚ ಕಳೆದು ಮಿಕ್ಕಿದ್ದು ಬಡ ಹಾಗೂ ಅನಾಥ ಬಾಲಕರ ಶಾಲಾಶುಲ್ಕ ತಗ್ಗಿಸಲು, ಶಾಲೆಗಳಿಗೆ ಪುಸ್ತಕ ಒದಗಿಸಲು ವಿನಿಯೋಗವಾಗಲಿ. ಶುಲ್ಕಕ್ಕೂ ಪುಸ್ತಕಕ್ಕೂ ಪರಿತಪಿಸಿದ್ದ ಜೀವ, ಕೈಗೆ ಹಣ ಬಂದೊಡನೆ ನೆನೆದದ್ದು ತನ್ನಂತಹ ಬಾಲಕರನ್ನು. 1920ರ ಏಪ್ರಿಲ್ 26ರಂದು, 32ನೆಯ ವಯಸ್ಸಿನಲ್ಲಿ, ಅವರು ಮದರಾಸಿನಲ್ಲಿ ಕಾಲವಶರಾದರು.

ಅವರ ಹಸ್ತಪ್ರತಿಗಳು ಇಂದಿಗೂ ವಿದ್ವಾಂಸರನ್ನು ದುಡಿಸುತ್ತಿವೆ. ಕೊನೆಯ ವರ್ಷದ ಹಾಳೆಗಳು 1976ರಲ್ಲಿ ಟ್ರಿನಿಟಿಯ ಗ್ರಂಥಾಲಯದಲ್ಲಿ ಬೆಳಕಿಗೆ ಬಂದವು. ನಮ್ಮ ನಾಡಿನ ಕೆ. ವೆಂಕಟಾಚಲ ಅಯ್ಯಂಗಾರ್ಯರು ರಾಮಾನುಜನ್ನರ ಮಾರ್ಗದಲ್ಲಿ ಗ್ರಂಥ ರಚಿಸಿದರು. ಮೈಸೂರು ವಿಶ್ವವಿದ್ಯಾನಿಲಯದ ಭಾರ್ಗವ, ಅಡಿಗ ಮೊದಲಾದವರು ಆ ಸೂತ್ರಗಳಿಗೆ ಸಾಧನೆ ಒದಗಿಸಿದರು. 2012ರಿಂದ ಅವರ ಜನ್ಮದಿನ ರಾಷ್ಟ್ರೀಯ ಗಣಿತ ದಿನವಾಗಿದೆ.

ಪ್ರಸಾದನಿಲಯದ ಪಂಕ್ತಿಯಲ್ಲಿ ಉಂಡು ಓದಿದವರಿಗೆ ಆ ಪತ್ರದ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ. ಪಡೆದ ಆಸರೆಯನ್ನು ಮುಂದಿನ ಬಾಲಕನಿಗೆ ದಾಟಿಸುವುದೇ ದಾಸೋಹ. ರಾಮಾನುಜನ್ನರ ಗಣಿತ ಎಲ್ಲರಿಗೂ ಎಟುಕದಿರಬಹುದು. ಅವರ ಈ ಬಯಕೆಯನ್ನು ನಡೆಸಿಕೊಡುವುದು ಮಾತ್ರ ನಮ್ಮೆಲ್ಲರಿಗೂ ಸಾಧ್ಯ.