ಒಂದು ಚೀಟಿ, ಒಂದು ಹಗ್ಗ

ಕಾರಕೋರಂ ಪರ್ವತಶ್ರೇಣಿಯಲ್ಲಿ, ಕೆ2 ಶಿಖರದ ಬುಡದಲ್ಲಿ, ಕಲ್ಲು ಪೇರಿಸಿ ಕಟ್ಟಿದ ಒಂದು ಗುಪ್ಪೆಯಿದೆ. ಅದರ ಮೈತುಂಬ ಲೋಹದ ಫಲಕಗಳು. ಕೆಲವು ಊಟದ ತಟ್ಟೆಗಳೇ; ಮೊಳೆಯಿಂದ ಕುಟ್ಟಿ ಹೆಸರು, ಇಸವಿ ಮೂಡಿಸಿದ್ದಾರೆ. ಎಲ್ಲವೂ ಆ ಬೆಟ್ಟದಲ್ಲಿ ಸತ್ತವರ ಹೆಸರುಗಳು. ಗುಪ್ಪೆಯನ್ನು ಮೊದಲು ಕಟ್ಟಿದ್ದು 1953ರಲ್ಲಿ, ಆರ್ಟ್ ಗಿಲ್ಕಿ ಎಂಬ ಅಮೆರಿಕದ ಯುವ ಭೂವಿಜ್ಞಾನಿಯ ನೆನಪಿಗೆ. ಇಂದಿಗೂ ಅದಕ್ಕೆ ಗಿಲ್ಕಿ ಸ್ಮಾರಕ ಎಂದೇ ಹೆಸರು.

ಗಿಲ್ಕಿ ಶಿಖರ ಮುಟ್ಟಿದವನಲ್ಲ. ಅವನನ್ನು ಬದುಕಿಸಲು ಹೆಣಗಿದ ಗೆಳೆಯರಿಂದ ಅವನನ್ನು ಬದುಕಿಸಲೂ ಆಗಲಿಲ್ಲ. ಆದರೂ ಪರ್ವತಾರೋಹಣದ ಚರಿತ್ರೆ ಬರೆದವರು ಆ ಸೋಲನ್ನು ಎಷ್ಟೋ ಗೆಲುವುಗಳಿಗಿಂತ ಎತ್ತರದಲ್ಲಿಟ್ಟಿದ್ದಾರೆ. ಅದಕ್ಕೆ 14 ವರ್ಷ ಮೊದಲು, ಅದೇ ಬೆಟ್ಟದ ಅದೇ ಏಣಿನ ಮೇಲೆ, ಅಂಥದೇ ಇನ್ನೊಂದು ಪ್ರಯತ್ನ ನಡೆದಿತ್ತು. ಅದಕ್ಕಾಗಿ ಪ್ರಾಣ ಕೊಟ್ಟ ಮೂವರ ಹೆಸರು ಹೇಳಿ ಎಂದರೆ ಬೆಟ್ಟದ ಪುಸ್ತಕಗಳನ್ನು ಓದುವವರೂ ತಡವರಿಸುತ್ತಾರೆ. ಈ ಎರಡು ಘಟನೆಗಳನ್ನು ಅಕ್ಕಪಕ್ಕ ಇಟ್ಟು ನೋಡಬೇಕು.

ಮೊದಲು ಬೆಟ್ಟದ ವಿಚಾರ. ಕೆ2ರ ಎತ್ತರ 8,611 ಮೀಟರ್. ಎವರೆಸ್ಟ್ ಬಿಟ್ಟರೆ ಇದೇ ದೊಡ್ಡದು. 1856ರಲ್ಲಿ ಸರ್ವೇ ಅಧಿಕಾರಿ ಟಿ.ಜಿ. ಮಾಂಟ್ಗೊಮರಿ ದೂರದಿಂದ ಕಂಡ ಶಿಖರಗಳಿಗೆ ಕೆ1, ಕೆ2 ಎಂದು ಗುರುತು ಹಾಕಿಕೊಂಡ. ಇದಕ್ಕೆ ಆ ಗುರುತೇ ಹೆಸರಾಗಿ ಉಳಿಯಿತು. 1909ರಲ್ಲಿ ಇಟಲಿಯ ಅಬ್ರುಝಿಯ ಡ್ಯೂಕ್ ಹುಡುಕಿದ ಆಗ್ನೇಯ ಏಣೇ ಇಂದಿಗೂ ಮುಖ್ಯ ದಾರಿ. ಆ ದಾರಿಯಲ್ಲಿ ನಿಶ್ಚಿಂತೆಯಿಂದ ಕಾಲೂರುವ ಜಾಗ ಕಡಿಮೆ. ಏಳೂವರೆ ಸಾವಿರ ಮೀಟರ್ ಎತ್ತರದಲ್ಲಿ ಗಾಳಿಯ ಒತ್ತಡ ಸಮುದ್ರಮಟ್ಟದ ಐದರಲ್ಲಿ ಎರಡು ಪಾಲಿನಷ್ಟೇ. ಅಲ್ಲಿ ತನ್ನ ದೇಹವನ್ನು ತಾನು ಹೊತ್ತು ಇಳಿಯುವುದೇ ಒಂದು ಸಾಹಸ. ನಡೆಯಲಾಗದ ಇನ್ನೊಬ್ಬನನ್ನು ಇಳಿಸುವುದು ಅಸಾಧ್ಯಕ್ಕೆ ತೀರ ಹತ್ತಿರದ ಮಾತು.

1939ರಲ್ಲಿ ಜರ್ಮನಿಯಲ್ಲಿ ಹುಟ್ಟಿ ಅಮೆರಿಕದಲ್ಲಿ ನೆಲೆಸಿದ್ದ ಫ್ರಿಟ್ಜ್ ವೀಸ್ನರ್ ಒಂದು ತಂಡ ಕಟ್ಟಿಕೊಂಡು ಕೆ2ಕ್ಕೆ ಬಂದ. ಜುಲೈ 19ರ ಸಂಜೆ ಅವನೂ ಶೆರ್ಪಾ ಪಸಾಂಗ್ ದಾವಾ ಲಾಮಾನೂ ಶಿಖರಕ್ಕೆ ಇನ್ನೂರ ಮೂವತ್ತು ಮೀಟರಿನಷ್ಟು ಕೆಳಗಿದ್ದರು. ಕತ್ತಲಾಗುತ್ತಿತ್ತು. ಪಸಾಂಗ್ ಮುಂದಕ್ಕೆ ಬರಲು ಒಪ್ಪಲಿಲ್ಲ. ಇಬ್ಬರೂ ಹಿಂದಿರುಗಿದರು.

ಕೆಳಗಿನ ಕ್ಯಾಂಪಿನಲ್ಲಿ ಡಡ್ಲಿ ವುಲ್ಫ್ ಎಂಬ ಶ್ರೀಮಂತ ಆರೋಹಿ ಒಬ್ಬನೇ ಇದ್ದ. ಗಟ್ಟಿ ಆಳು, ಆದರೆ ಕಡಿದಾದ ಹಿಮದಲ್ಲಿ ತಾನೇ ಇಳಿಯುವಷ್ಟು ಪಳಗಿದವನಲ್ಲ. ಮೂವರೂ ಏಳನೇ ಕ್ಯಾಂಪಿಗೆ ಇಳಿದು ಬಂದು ನೋಡಿದರೆ ಡೇರೆಯಲ್ಲಿ ಸ್ಲೀಪಿಂಗ್ ಬ್ಯಾಗುಗಳೇ ಇಲ್ಲ. ಮೇಲಿಂದ ಸುದ್ದಿ ಬಾರದೆ, ತಪ್ಪು ತಿಳಿವಳಿಕೆಯಲ್ಲಿ, ಕೆಳಗಿನವರು ಅವನ್ನೆಲ್ಲ ಇಳಿಸಿಬಿಟ್ಟಿದ್ದರು. ವುಲ್ಫನನ್ನು ಅಲ್ಲೇ ಬಿಟ್ಟು ಜುಲೈ 23ರಂದು ವೀಸ್ನರ್ ಮತ್ತು ಪಸಾಂಗ್ ಸಹಾಯ ತರಲೆಂದು ಇಳಿದರು. ಒಂದೊಂದು ಕ್ಯಾಂಪೂ ಬರಿದಾಗಿತ್ತು. ಬೇಸ್ ಕ್ಯಾಂಪ್ ಮುಟ್ಟಿದಾಗ ಇಬ್ಬರಿಗೂ ಮತ್ತೆ ಹತ್ತುವ ಚೈತನ್ಯ ಉಳಿದಿರಲಿಲ್ಲ.

ಆಗ ಎದ್ದು ಹೊರಟವನು ಪಸಾಂಗ್ ಕಿಕುಲಿ, ಶೆರ್ಪಾಗಳ ಮುಖ್ಯಸ್ಥ. ಬೆಟ್ಟದ ಸಾವು ಅವನಿಗೆ ಹೊಸದಲ್ಲ. 1934ರಲ್ಲಿ ನಂಗಾ ಪರ್ಬತದ ಬಿರುಗಾಳಿಯಲ್ಲಿ ಮೂವರು ಜರ್ಮನ್ನರೂ ಆರು ಮಂದಿ ಶೆರ್ಪಾಗಳೂ ಸತ್ತಾಗ ಜೀವಂತ ಇಳಿದು ಬಂದ ಕೆಲವರಲ್ಲಿ ಅವನೊಬ್ಬ. ಈ ಬಾರಿ ಅವನ ಕಾಲ್ಬೆರಳುಗಳು ಆಗಲೇ ಚಳಿಗೆ ಮರಗಟ್ಟಿ ಹಾಳಾಗಿದ್ದವು. ಆದರೂ ಜುಲೈ 28ರಂದು ಅವನೂ ತ್ಸೆರಿಂಗನೂ ಬೇಸ್ ಕ್ಯಾಂಪಿನಿಂದ ಆರನೇ ಕ್ಯಾಂಪಿನವರೆಗೆ, ಎರಡು ಸಾವಿರ ಮೀಟರಿಗೂ ಹೆಚ್ಚು, ಒಂದೇ ದಿನದಲ್ಲಿ ಹತ್ತಿದರು. ದಾರಿಯಲ್ಲಿ ಕಿಟಾರ್ ಮತ್ತು ಫಿನ್ಸೂ ಜೊತೆಯಾದರು.

ಮರುದಿನ ಮೂವರು ವುಲ್ಫನ ಡೇರೆ ತಲುಪಿದರು. ಬೆಂಕಿಕಡ್ಡಿ ಮುಗಿದು, ಹಿಮ ಕರಗಿಸಲಾಗದೆ, ದಿನಗಟ್ಟಲೆ ಅನ್ನನೀರಿಲ್ಲದೆ ಅವನು ಮಲಗಿದ್ದ. ಚಹಾ ಮಾಡಿ ಕುಡಿಸಿದರು, ಎಬ್ಬಿಸಿ ನಡೆಸಲು ನೋಡಿದರು. ಆಗಲಿಲ್ಲ. ನಾಳೆ ಬನ್ನಿ, ಸಿದ್ಧನಾಗಿರುತ್ತೇನೆ ಎಂದ. ಅಲ್ಲಿ ಉಳಿಯಲು ಹಾಸಿಗೆಯಿಲ್ಲದೆ ಅವರು ಕೆಳಗಿಳಿದರು. 30ರಂದು ಬಿರುಗಾಳಿ. 31ರಂದು ಕಿಕುಲಿ, ಕಿಟಾರ್, ಫಿನ್ಸೂ ಮತ್ತೆ ಮೇಲೆ ಹೋದರು. ತ್ಸೆರಿಂಗ್ ಆರನೇ ಕ್ಯಾಂಪಿನಲ್ಲಿ ಕಾಯುತ್ತ ಕುಳಿತ. ಯಾರೂ ಬರಲಿಲ್ಲ. ಆಗಸ್ಟ್ 2ರಂದು ಅವನೊಬ್ಬನೇ ಇಳಿದು ಬಂದು ಇದಿಷ್ಟನ್ನೂ ಹೇಳಿದ.

ತ್ಸೆರಿಂಗ್ ಹೇಳಿದ್ದರಲ್ಲಿ ಒಂದು ಸಣ್ಣ ಸಂಗತಿಯಿದೆ. ವುಲ್ಫ್ ಈ ಸಲವೂ ಬರಲೊಪ್ಪದಿದ್ದರೆ, ಬರಲೊಲ್ಲೆ ಎಂದು ಅವನ ಕೈಯಲ್ಲಿ ಒಂದು ಚೀಟಿ ಬರೆಸಿಕೊಂಡು ಬರಬೇಕೆಂದು ಕಿಕುಲಿ ನಿಶ್ಚಯಿಸಿದ್ದನಂತೆ.

ಈ ಚೀಟಿಯ ಮಾತು ಓದಿದವರ ಗಂಟಲಲ್ಲಿ ಸಿಕ್ಕಿಕೊಳ್ಳುತ್ತದೆ. ಒಬ್ಬನನ್ನು ಕರೆತರಲು ಎರಡನೇ ಸಲ ಪ್ರಾಣ ಪಣಕ್ಕಿಟ್ಟು ಹತ್ತುತ್ತಿರುವ ಮನುಷ್ಯ, ಬರಿಗೈಯಲ್ಲಿ ಮರಳಿದರೆ ತನ್ನ ಮಾತನ್ನು ಯಾರೂ ನಂಬಲಿಕ್ಕಿಲ್ಲ ಎಂದೂ ಯೋಚಿಸಬೇಕಾಗಿತ್ತು. ಸಾಹೇಬರನ್ನು ಬಿಟ್ಟು ಬಂದ ಕೂಲಿಯಾಳು ಎಂಬ ಅಪವಾದದಿಂದ ಪಾರಾಗಲು ಸಾಹೇಬರದೇ ಸಹಿ ಬೇಕಿತ್ತು. ಆ ಚೀಟಿ ಕೆಳಗೆ ಬರಲೇ ಇಲ್ಲ. ಮುಂದೆ ಅಮೆರಿಕದಲ್ಲಿ ವರ್ಷಗಟ್ಟಲೆ ನಡೆದ ವಾದವೆಲ್ಲ ವುಲ್ಫನ ಸಾವಿಗೆ ಯಾರು ಹೊಣೆ, ವೀಸ್ನರನೋ ಕೆಳಗಿದ್ದವರೋ ಎಂಬುದರ ಸುತ್ತಲೇ ತಿರುಗಿತು. ಮೂವರು ಶೆರ್ಪಾಗಳು ಆ ವಾದದ ಅಂಚಿನಲ್ಲಿ ಉಳಿದರು.

ಇನ್ನು 1953. ತಂಡದ ನಾಯಕ ಚಾರ್ಲ್ಸ್ ಹೌಸ್ಟನ್, ವೈದ್ಯ. 1938ರಲ್ಲಿ ಅವನು ಇದೇ ಬೆಟ್ಟಕ್ಕೆ ಬಂದಾಗ ಜೊತೆಗಿದ್ದ ಶೆರ್ಪಾ ಇದೇ ಕಿಕುಲಿ. ದೇಶವಿಭಜನೆಯ ನಂತರ ಡಾರ್ಜಿಲಿಂಗಿನ ಶೆರ್ಪಾಗಳು ಪಾಕಿಸ್ತಾನದ ಬೆಟ್ಟಗಳಿಗೆ ಬರುವಂತಿರಲಿಲ್ಲ. ಹುಂಜಾ ಕಣಿವೆಯ ಆಳುಗಳು ಕೆಳಗಿನ ಕ್ಯಾಂಪುಗಳವರೆಗೆ ಹೊತ್ತರು. ಅಲ್ಲಿಂದ ಮೇಲಕ್ಕೆ ಎಂಟು ಮಂದಿ ಆರೋಹಿಗಳು ತಮ್ಮ ಹೊರೆಯನ್ನು ತಾವೇ ಹೊತ್ತರು.

ಎಂಟನೇ ಕ್ಯಾಂಪಿನಲ್ಲಿ, ಸುಮಾರು 7,700 ಮೀಟರ್ ಎತ್ತರದಲ್ಲಿ, ಬಿರುಗಾಳಿ ಅವರನ್ನು ದಿನಗಟ್ಟಲೆ ಕಟ್ಟಿಹಾಕಿತು. ಆಗಸ್ಟ್ 7ರಂದು ಡೇರೆಯಿಂದ ಹೊರಬಂದ ಗಿಲ್ಕಿ ಕುಸಿದು ಬಿದ್ದ. ಹೌಸ್ಟನ್ ನೋಡಿದ: ಕಾಲಿನ ರಕ್ತನಾಳದಲ್ಲಿ ರಕ್ತ ಹೆಪ್ಪುಗಟ್ಟಿತ್ತು. ಎತ್ತರದಲ್ಲಿ ದೇಹದ ನೀರು ಬತ್ತಿ ರಕ್ತ ದಪ್ಪಗಾಗುತ್ತದೆ. ಅಲುಗಾಡದೆ ಮಲಗಿದರೆ ಅಪಾಯ ಇನ್ನೂ ಹೆಚ್ಚು. ಹೆಪ್ಪು ಶ್ವಾಸಕೋಶಕ್ಕೂ ಹರಿಯಿತು. ಈ ಸ್ಥಿತಿಯಲ್ಲಿ ಅವನನ್ನು ಜೀವಂತ ಇಳಿಸಲಾಗದೆಂದು ವೈದ್ಯನಿಗೆ ಗೊತ್ತಿತ್ತು. ಬಿಟ್ಟು ಹೋಗೋಣ ಎಂಬ ಮಾತನ್ನು ಯಾರೂ ಆಡಲಿಲ್ಲ.

ಆಗಸ್ಟ್ 10ರಂದು, ಗಾಳಿ ನಿಲ್ಲದಿದ್ದರೂ, ಅವನನ್ನು ಸ್ಲೀಪಿಂಗ್ ಬ್ಯಾಗಿನಲ್ಲೂ ಡೇರೆಯ ಬಟ್ಟೆಯಲ್ಲೂ ಸುತ್ತಿ ಹಗ್ಗದಲ್ಲಿ ಇಳಿಸತೊಡಗಿದರು. ಏಳನೇ ಕ್ಯಾಂಪಿನ ಹತ್ತಿರ ಜಾರ್ಜ್ ಬೆಲ್ ಜಾರಿದ. ಅವನ ಹಗ್ಗ ಟೋನಿ ಸ್ಟ್ರೀದರನನ್ನು ಎಳೆಯಿತು. ಅದು ಹೌಸ್ಟನ್ ಮತ್ತು ಬಾಬ್ ಬೇಟ್ಸರ ಹಗ್ಗಕ್ಕೆ ತೊಡರಿತು. ಡೀ ಮೊಲೆನಾರನೂ ಕಿತ್ತುಬಂದ. ಐವರೂ ಪ್ರಪಾತದ ಕಡೆಗೆ ಉರುಳಿದರು. ಮೇಲೆ ಗಿಲ್ಕಿಯ ಹಗ್ಗ ಹಿಡಿದಿದ್ದವನು ಪೀಟ್ ಶೋನಿಂಗ್. ಹಿಮದಲ್ಲಿ ಹೂತಿದ್ದ ಬಂಡೆಯೊಂದರ ಹಿಂದೆ ತನ್ನ ಹಿಮಗೊಡಲಿಯನ್ನು ಊರಿ, ಅದಕ್ಕೂ ಸೊಂಟಕ್ಕೂ ಹಗ್ಗ ಬಳಸಿ ನಿಂತಿದ್ದ. ಗಿಲ್ಕಿಯೂ ಸೇರಿ ಆರು ಜನರ ಭಾರ ಆ ಹಗ್ಗದ ಮೇಲೆ ಬಿತ್ತು. ಹಗ್ಗ ಹಿಗ್ಗಿತು, ಹರಿಯಲಿಲ್ಲ. ಶೋನಿಂಗ್ ಕದಲಲಿಲ್ಲ.

ಪೆಟ್ಟಾದವರಿಗೆ ಡೇರೆ ಹಾಕಲು ಹೋದಾಗ ಗಿಲ್ಕಿಯನ್ನು ಎರಡು ಗೊಡಲಿಗಳಿಗೆ ಬಿಗಿದು ಇಳಿಜಾರಿನಲ್ಲೇ ಬಿಟ್ಟಿದ್ದರು. ಮರಳಿ ಬಂದು ನೋಡಿದರೆ ಅಲ್ಲಿ ಅವನಿಲ್ಲ, ಗೊಡಲಿಗಳೂ ಇಲ್ಲ. ಹಿಮಕುಸಿತ ಒಯ್ದಿತ್ತು ಎಂದು ಅವರು ತಿಳಿದರು. ಗೆಳೆಯರನ್ನು ಉಳಿಸಲು ಅವನೇ ಬಿಡಿಸಿಕೊಂಡನೇನೋ ಎಂಬ ಅನುಮಾನ ಹೌಸ್ಟನ್‌ನನ್ನು ಕೊನೆಗಾಲದವರೆಗೂ ಕಾಡಿತು. ಉಳಿದ ಏಳೂ ಮಂದಿ ಜೀವಂತ ಇಳಿದರು. ಎರಡನೇ ಕ್ಯಾಂಪಿನಲ್ಲಿ ಕಾದಿದ್ದ ಹುಂಜಾದವರು ಅವರನ್ನು ತಬ್ಬಿಕೊಂಡು ಅತ್ತರು.

ಎರಡೂ ಕಥೆಗಳಲ್ಲಿ ಉಳಿಸಲು ಹೊರಟವನು ಉಳಿಯಲಿಲ್ಲ. ಎರಡರಲ್ಲೂ ಧೈರ್ಯ ಒಂದೇ ತೂಕದ್ದು. ಕಿಕುಲಿ ಕಂಡ ಸಾವುಗಳನ್ನು ನೆನೆದರೆ ಅವನದೇ ಒಂದು ಗುಲಗಂಜಿ ಹೆಚ್ಚು. ವ್ಯತ್ಯಾಸವಿದ್ದದ್ದು ಸಂಬಂಧದಲ್ಲಿ. 1953ರ ಎಂಟು ಜನರ ನಡುವೆ ಇದ್ದದ್ದು ಒಂದು ಹಗ್ಗ. ಅದರ ಎರಡೂ ತುದಿಗಳಲ್ಲಿ ಇದ್ದವರು ಸಮಾನರು. ಗಿಲ್ಕಿಯನ್ನು ಕಳೆದುಕೊಂಡು ಬಂದವರಿಂದ ಯಾರೂ ಪುರಾವೆ ಕೇಳಲಿಲ್ಲ. 1939ರಲ್ಲಿ ನಡುವೆ ಇದ್ದದ್ದು ಸಂಬಳ. ಆ ಸಂಬಳದಲ್ಲಿ ಪ್ರಾಣದ ಬೆಲೆ ಸೇರಿರಲಿಲ್ಲ; ಅದನ್ನು ಅವರು ತಾವಾಗಿಯೇ ಕೊಟ್ಟರು. ಕೊಡಲು ಹೋಗುವಾಗಲೂ ಚೀಟಿಯ ಚಿಂತೆ ಬಿಡಲಿಲ್ಲ.

2008ರ ಆಗಸ್ಟ್‌ನಲ್ಲಿ ಅದೇ ಬೆಟ್ಟದಲ್ಲಿ 11 ಜನ ಸತ್ತರು. ಶಿಖರದ ಕೆಳಗಿನ ಇಕ್ಕಟ್ಟಾದ ಹಿಮದ ಓಣಿಯಲ್ಲಿ ಮೇಲಿಂದ ಹಿಮದ ಗೋಡೆ ಕುಸಿದು ಕಟ್ಟಿದ್ದ ಹಗ್ಗಗಳನ್ನು ಕತ್ತರಿಸಿತ್ತು. ಆ ರಾತ್ರಿ ಪಸಾಂಗ್ ಲಾಮಾ ಎಂಬ ಶೆರ್ಪಾನ ಬಳಿ ಹಿಮಗೊಡಲಿ ಇರಲಿಲ್ಲ. ಹಗ್ಗ ಬಿಗಿಯಲೆಂದು ಮೊದಲೇ ಕೊಟ್ಟುಬಿಟ್ಟಿದ್ದ. ಛಿರಿಂಗ್ ದೋರ್ಜೆ ಅವನನ್ನು ತನ್ನ ಸೊಂಟಪಟ್ಟಿಗೆ ಕಟ್ಟಿಕೊಂಡ. ಒಂದೇ ಗೊಡಲಿಯಲ್ಲಿ, ಕತ್ತಲಲ್ಲಿ, ಇಬ್ಬರೂ ಇಳಿದರು. ಒಬ್ಬ ಜಾರಿದರೆ ಇಬ್ಬರೂ ಹೋಗುವುದು ಖಚಿತವಿತ್ತು. ಇಬ್ಬರೂ ಬದುಕಿದರು.

ಹಿಮನದಿ ತಾನು ನುಂಗಿದ್ದನ್ನು ನಿಧಾನವಾಗಿ ಕೆಳಗೆ ತಂದು ಕೊಡುತ್ತದೆ. ಗಿಲ್ಕಿಯ ಅವಶೇಷ 1993ರಲ್ಲಿ ಸಿಕ್ಕಿತು, ವುಲ್ಫನದು 2002ರಲ್ಲಿ. ಶೋನಿಂಗನ ಹಿಮಗೊಡಲಿ ಅಮೆರಿಕದ ಕೊಲರಾಡೋದಲ್ಲಿರುವ ಪರ್ವತಾರೋಹಣ ಸಂಗ್ರಹಾಲಯದಲ್ಲಿದೆ; ಹೋದವರು ನೋಡಬಹುದು. ಕಿಕುಲಿ, ಕಿಟಾರ್, ಫಿನ್ಸೂ ಬಿಟ್ಟುಹೋದ ವಸ್ತು ಯಾವ ಗಾಜಿನ ಪೆಟ್ಟಿಗೆಯಲ್ಲೂ ಇಲ್ಲ. ಅವರ ಕಡೆಯಿಂದ ನಮಗೆ ಉಳಿದಿರುವುದು ಆರನೇ ಕ್ಯಾಂಪಿನಲ್ಲಿ ಎರಡು ದಿನ ದಾರಿ ಕಾದ ತ್ಸೆರಿಂಗನ ಮಾತು ಮಾತ್ರ. ಅದನ್ನು ನಂಬಲು ನಮಗೆ ಯಾವ ಚೀಟಿಯೂ ಬೇಕಿಲ್ಲ.